ಟವಲ್ಲಿನ ಕೆಳಗಿನ ಕೈ

ಹಾವೇರಿ
14 ನವೆಂಬರ್ 2024

ಪ್ರೀತಿಯ ದಿಲನಾಜಳಿಗೆ ನಿನ್ನ ಮಾಮು ಶಮಶೇರಸಾಬನ ಸಲಾಂ.

ಎಲ್ಲಕ್ಕಿಂತ ಮೊದಲು ಒಂದು ಮಾತು ತಿಳಿದುಕೊ. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ, ಈ ಮೂರೂ ತಾಲೂಕಿನಲ್ಲಿ ನಾಲ್ಕು ಕಾಲಿನ ಯಾವ ಪ್ರಾಣಿಯೂ ನನ್ನ ಬಲಗೈಗೆ ತಿಳಿಯದೆ ಮಾರಾಟವಾಗಿಲ್ಲ. ಆನೆ ಒಂದು ಉಳಿದಿತ್ತು. ಸರ್ಕಸ್ ಕಂಪನಿಯವನದು ಒಂದಿತ್ತು, ಅದನ್ನೂ ಮಾರಿಸಿಕೊಡುವವನಿದ್ದೆ, ಮಾವುತ ಕಾಲು ಹಿಡಿದು ಅತ್ತನೆಂದು ಬಿಟ್ಟೆ. ಫೋನಿನಲ್ಲಿ ನೀನು ದೆವ್ವದ ವಿಷಯ ಕೇಳಿದ್ದೆಯಲ್ಲ, ದೆವ್ವಕ್ಕೂ ಒಮ್ಮೆ ಎಮ್ಮೆ ಮಾರಿದ್ದೇನೆ. ಉದ್ರಿ ಕೇಳಿತು, ಕೊಡಲಿಲ್ಲ.

ನೀನು ಫೋನ್ ಮಾಡಿ "ಮಾಮು, ಇನ್ನ ಮ್ಯಾಲೆ ನನಗ ಕಾಗದಾ ಬರೀರಿ" ಅಂದಾಗ, ಈ ಕಾಲದಲ್ಲಿ ಕಾಗದ ಯಾಕಪ್ಪಾ ಅನ್ನಿಸಿತ್ತು. ಆಮೇಲೆ ನಿನ್ನ ಅಮ್ಮಿ ಬಾಯಿಬಿಟ್ಟಳು. "ಫೋನಿನ್ಯಾಗ ಮಾಮು ಅರ್ಧಾ ಸುಳ್ಳ ಹೇಳ್ತಾರ, ಕಾಗದದಾಗ ಆದ್ರ ಪೂರಾ ಹೇಳ್ತಾರ" ಅಂದೆಯಂತೆ. ಅದಿರಲಿ. ನನ್ನ ಅಕ್ಷರವನ್ನೇ ಕಾಲೇಜಿಗಾಗಿ ನೀನು ಮಾಡುವ ಅನಿಮೇಶನ್ ಚಿತ್ರದ ಹೆಸರಿಗೆ ಬಳಸುತ್ತೀ ಎಂದು ಕೇಳಿ ಎದೆ ಉಬ್ಬಿತು. ಮನೆಯಲ್ಲಿ ಆಡುವುದು ಉರ್ದು, ಬರೆಯಲು ಬರುವುದು ಮೋಟೆಬೆನ್ನೂರಿನ ಕನ್ನಡ ಶಾಲೆಯಲ್ಲಿ ಏಳನೇ ಇಯತ್ತೆಯವರೆಗೆ ತಿದ್ದಿದ ಕನ್ನಡ. ಮಾಸ್ತರರು ನನ್ನ ಪಾಟಿಯನ್ನು ಎತ್ತಿ ಹಿಡಿದು ಇಡೀ ಶಾಲೆಗೆ ತೋರಿಸುತ್ತಿದ್ದರು. ಯಾಕೆ ತೋರಿಸುತ್ತಿದ್ದರು ಎಂದು ನಿನ್ನ ಅಮ್ಮಿಯನ್ನು ಕೇಳಬೇಡ.

ಒಬ್ಬ ಮನುಷ್ಯ ಒಂದು ಸಲ ಕೈ ಎತ್ತಬೇಕಾದರೆ ಪುಣೆಯಲ್ಲಿ ನೀನು ಹತ್ತಿಪ್ಪತ್ತು ಚಿತ್ರ ಬರೆಯಬೇಕಂತೆ, ಹೌದೇ? ನಮ್ಮ ಸಂತೆಯಲ್ಲಿ ಐದು ರೂಪಾಯಿಯ ಚಹಾಕ್ಕೆ ನೂರು ಕೈ ಏಳುತ್ತವೆ. ಯಾವ ಕಥೆ, ಏನು ಕಥೆ, ನನ್ನಿಂದ ಏನಾಗಬೇಕು, ಎಲ್ಲ ಬಿಡಿಸಿ ಬರೆ.

ನಿನ್ನ ಮಾಮು


ಪುಣೆ
25 ನವೆಂಬರ್ 2024

ಮಾಮು,

ನಿಮ್ಮ ಕಾಗದವನ್ನು ಹಾಸ್ಟೆಲಿನಲ್ಲಿ ಎಲ್ಲರಿಗೂ ಹಿಂದಿಯಲ್ಲಿ ಓದಿ ಹೇಳಿದೆ. ದೆವ್ವ ಉದ್ರಿ ಕೇಳಿದ್ದನ್ನು ಎರಡು ಸಲ ಓದಿಸಿದರು.

ಕಥೆ ಇದು. ನೂರು ವರ್ಷಕ್ಕೂ ಹಿಂದಿನದು, ಪರದೇಶದ್ದು. ಒಂದು ಊರಿನ ವಸತಿಮನೆಗೆ ದಿನಾ ಸಂಜೆ ಒಬ್ಬ ಅಪರಿಚಿತ ಬರುತ್ತಾನೆ. ಕೈಗವಸು ತೆಗೆಯುವುದೇ ಇಲ್ಲ. ಯಜಮಾನನಿಂದ ಗಡಿಯಾರ, ಕುದುರೆ, ಹೊಲ ಎಲ್ಲವನ್ನೂ ಒಂದೊಂದಾಗಿ ಒಳ್ಳೆಯ ಬೆಲೆಗೆ ಕೊಳ್ಳುತ್ತಾನೆ. ಪ್ರತಿ ವ್ಯಾಪಾರಕ್ಕೂ ಕೈ ಕುಲುಕುತ್ತಾನೆ. ಕಡೆಯ ದಿನ ಯಜಮಾನ ಆ ಕೈಗವಸನ್ನು ಎಳೆದರೆ ಒಳಗೆ ಕೈ ಇರುವುದಿಲ್ಲ.

ನಮ್ಮ ಮೇಡಂ ಕೇಳಿದರು, "ನಿಮ್ಮ ಕಡೆ ಯಾರು ಕೈಗವಸು ಹಾಕುತ್ತಾರೆ?" ಆಗ ನನಗೆ ಹಾವೇರಿಯ ದನದ ಸಂತೆ ನೆನಪಾಯಿತು. ನಾನು ನಿಮ್ಮ ಹೆಗಲ ಮೇಲೆ ಕೂತಿದ್ದೆ. ಕೆಳಗೆ ನೀವೂ ಇನ್ನೊಬ್ಬರೂ ಒಂದೇ ಟವಲ್ಲಿನ ಕೆಳಗೆ ಕೈ ಹಾಕಿಕೊಂಡು, ಮಾತಿಲ್ಲದೆ, ಒಬ್ಬರ ಮುಖ ಒಬ್ಬರು ನೋಡುತ್ತ ನಿಂತಿದ್ದಿರಿ. ಆ ಟವಲ್ ಮಾತ್ರ ಜೀವ ಇರುವ ಹಾಗೆ ಅಲ್ಲಾಡುತ್ತಿತ್ತು. ನನಗೆ ಬಹಳ ಹೆದರಿಕೆಯಾಗಿತ್ತು, ನಿಮಗೆ ಹೇಳಿರಲಿಲ್ಲ. ನನ್ನ ಚಿತ್ರದಲ್ಲಿ ಕೈಗವಸಿನ ಬದಲು ಟವಲ್. ಯಜಮಾನನ ಬದಲು ಒಬ್ಬ ದನದ ದಲ್ಲಾಳಿ.

ಆರು ನಿಮಿಷದ ಚಿತ್ರ. ಒಂದೂ ಮಾತಿಲ್ಲ. ಆದರೆ ಸಂತೆಯ ಗದ್ದಲ, ಕೊರಳ ಗಂಟೆ, ಬಾರುಕೋಲು ಎಲ್ಲ ಕೇಳಬೇಕು. ಟವಲ್ ಬಿದ್ದ ಕೂಡಲೇ ಎಲ್ಲವೂ ನಿಲ್ಲಬೇಕು. ಗದ್ದಲವೇ ಇಲ್ಲದಿದ್ದರೆ ಮೌನ ಎಲ್ಲಿಂದ ಬರಬೇಕು? ಅದಕ್ಕೇ ಸ್ಟುಡಿಯೋದಲ್ಲಿ ಧ್ವನಿ ಕೂಡಿಸಬೇಕು. ಅದಕ್ಕೆ ಐವತ್ತು ಸಾವಿರ. ಈ ವರ್ಷದ ಫೀ ತೊಂಬತ್ತು, ಒಟ್ಟು ಒಂದು ಲಕ್ಷ ನಲವತ್ತು ಸಾವಿರ. ಫೆಬ್ರುವರಿ 28ರೊಳಗೆ ಚಿತ್ರ ಒಪ್ಪಿಸಬೇಕು.

ಅಬ್ಬಾ ತೀರಿಕೊಂಡ ಮೇಲೆ ಎತ್ತುಗಳು ಸುಮ್ಮನೆ ನಿಂತು ಮೇಯುತ್ತಿವೆ, ಜೋಡಿ ಮಾರೋಣ ಎಂದು ಅಮ್ಮಿ ಹೇಳಿದ್ದಾಳೆ. "ಅಣ್ಣನ ಕೈಯಾಗ ಕೊಟ್ರ ಒಂದು ನಲವತ್ತಕ್ಕ ಕಡಿಮಿ ಆಗೂದಿಲ್ಲ" ಎಂಬುದು ಅವಳ ಲೆಕ್ಕ. ನಿಮ್ಮ ಮೇಲೆ ಭಾರ ಹಾಕುತ್ತಿದ್ದೇವೆ.

ಇನ್ನೊಂದು. ನಿಮ್ಮ ಬಲಗೈಯ ವಿಡಿಯೋ ಬೇಕು. ಟವಲ್ಲಿನ ಕೆಳಗೆ ಬೆರಳು ಏನು ಮಾಡುತ್ತವೆ ಎಂದು ಟವಲ್ ಇಲ್ಲದೆ ತೋರಿಸಿ. ನೋಡಿ ಬರೆಯುತ್ತೇನೆ.

ದಿಲನಾಜ


ಹಾವೇರಿ
6 ಡಿಸೆಂಬರ್ 2024

ಮಗಳೇ,

ಎತ್ತಿನ ಚಿಂತೆ ಬಿಡು. ಒಂದು ನಲವತ್ತು ಅನ್ನುವುದು ನಿನ್ನ ಅಮ್ಮಿಯ ರೇಟು. ನನ್ನ ರೇಟು ಕೇಳಿದರೆ ಎತ್ತುಗಳೇ ನಾಚಿಕೊಳ್ಳಬೇಕು.

ವಿಡಿಯೋ ಮಾತ್ರ ಆಗುವುದಿಲ್ಲ. ಟವಲ್ಲಿನ ಹೊರಗೆ ಬೆರಳು ಆಡಿಸುವ ದಲ್ಲಾಳಿ ಮೈಮೇಲಿನ ಅರಿವೆ ಕಳಚಿ ನಿಂತಂತೆ. ಬಾಯಿಂದ ಹೇಳುತ್ತೇನೆ, ಬರೆದುಕೊ.

ತೋರುಬೆರಳು ಒಂದನ್ನೇ ಹಿಡಿದರೆ ಒಂದು. ಅದರ ಜೊತೆ ನಡುಬೆರಳನ್ನೂ ಹಿಡಿದರೆ ಎರಡು. ಉಂಗುರದ ಬೆರಳು ಸೇರಿದರೆ ಮೂರು, ಕಿರುಬೆರಳು ಸೇರಿದರೆ ನಾಲ್ಕು. ಹೆಬ್ಬೆರಳನ್ನೂ ಕೂಡಿಸಿ ಇಡೀ ಕೈ ಹಿಡಿದರೆ ಐದು. ಅದು ನೂರೋ, ಸಾವಿರವೋ, ಹತ್ತು ಸಾವಿರವೋ ಎಂದು ಯಾರೂ ಹೇಳುವುದಿಲ್ಲ. ಮುಂದೆ ನಿಂತ ದನವೇ ಅದನ್ನು ಹೇಳುತ್ತದೆ. ಒಳ್ಳೆಯ ಜೋಡಿಯಾದರೆ ಲಕ್ಷ ಇದ್ದದ್ದೇ, ಅದರ ಮೇಲೆ ಬೆರಳಿಗೆ ಹತ್ತು ಸಾವಿರ. ಸುತ್ತ ನೂರು ಮಂದಿ ನಿಂತಿದ್ದರೂ ಇಬ್ಬರಿಗೆ ಬಿಟ್ಟು ಮೂರನೆಯವನಿಗೆ ಬೆಲೆ ಗೊತ್ತಾಗಬಾರದು. ಒಪ್ಪಿಗೆಯಾದರೆ "ಆತು" ಅನ್ನಬೇಕು, ಟವಲ್ ಝಾಡಿಸಿ ಹೆಗಲಿಗೆ ಹಾಕಬೇಕು. ಹಾಕಿದ ಮೇಲೆ ಮುಗಿಯಿತು. ಅಪ್ಪ ಎದ್ದು ಬಂದು ಹೇಳಿದರೂ ಮಾತು ತಿರುಗುವುದಿಲ್ಲ. ತಿರುಗಿಸಿದವನ ಟವಲ್ಲಿನ ಕೆಳಗೆ ಮತ್ತೆ ಯಾರೂ ಕೈ ಇಡುವುದಿಲ್ಲ.

ಈ ಕೈ ಎಂಥದ್ದು ಎನ್ನುವುದಕ್ಕೆ ಒಂದು ಸಂಗತಿ ಕೇಳು. ಹೋದ ಗುರುವಾರ ಸಂತೆಯ ಬಾಗಿಲಲ್ಲಿರುವ ಡಾಕಪ್ಪನ ಚಹಾದಂಗಡಿಯಲ್ಲಿ ಅವನು ಒಲೆಯಿಂದ ಇಳಿಸಿದ ಚಹಾವನ್ನು ತುದಿಮಟ ತುಂಬಿ ಕೊಟ್ಟ. ಬೇರೆಯವರು ಅಂಗಿಯ ತುದಿಯಲ್ಲಿ ಹಿಡಿದು ಉಫ್ ಉಫ್ ಅನ್ನುತ್ತಿದ್ದರು. ನಾನು ಮೂರು ಬೆರಳಲ್ಲಿ ಗ್ಲಾಸು ಹಿಡಿದು ಹದಿನೈದು ನಿಮಿಷ ಹರಟೆ ಹೊಡೆದೆ. ಡಾಕಪ್ಪ ಗ್ಲಾಸು ಕಸಿದುಕೊಂಡು, "ಏ ಸಾಬ್ರ, ಇದೇನ ಕೈಯೋ ಇಕ್ಕಳಾನೋ?" ಅಂದ. ಎಲ್ಲ ನಕ್ಕರು. ಬೆಂಕಿಗೂ ಬಗ್ಗದ ಕೈ ಮಗಳೇ ಇದು. ಇದನ್ನು ನಿನ್ನ ಚಿತ್ರದಲ್ಲಿ ಹಾಕು.

ಮಾಮು


ಪುಣೆ
18 ಡಿಸೆಂಬರ್ 2024

ಮಾಮು,

ಹಾಕಿದೆ. ಅದೇ ಈಗ ಚಿತ್ರದ ಜೀವ.

ಆ ಅಪರಿಚಿತ ದೆವ್ವ ಎಂದು ದಲ್ಲಾಳಿಗೆ ಹೇಗೆ ಗೊತ್ತಾಗಬೇಕು ಎಂದು ಎರಡು ತಿಂಗಳಿಂದ ಒದ್ದಾಡುತ್ತಿದ್ದೆ. ಈಗ ಹೀಗೆ: ವ್ಯಾಪಾರ ಮುಗಿದು ಇಬ್ಬರೂ ಚಹಾಕ್ಕೆ ಕೂರುತ್ತಾರೆ. ಕುದಿಯುವ ಗ್ಲಾಸು. ದಲ್ಲಾಳಿ ಕೈ ಬದಲಿಸುತ್ತಾನೆ, ಊದುತ್ತಾನೆ. ಅಪರಿಚಿತ ಮಾತ್ರ ಮೂರು ಬೆರಳಲ್ಲಿ ಹಿಡಿದು ನಗುತ್ತ ಕೂತಿದ್ದಾನೆ. ಬೆರಳಿನಿಂದ ಹೊಗೆ ಬರುತ್ತಿದೆ, ಅವನಿಗೆ ಗೊತ್ತೇ ಇಲ್ಲ. ಬಿಸಿ ತಿಳಿಯದ ಕೈ ಸತ್ತವನ ಕೈ. ದಲ್ಲಾಳಿಗೆ ಆಗ ಅರ್ಥವಾಗುತ್ತದೆ.

ಮೇಡಂ ಚಪ್ಪಾಳೆ ತಟ್ಟಿದರು. "ಇದು ಮೂಲ ಕಥೆಯಲ್ಲಿಲ್ಲ, ಎಲ್ಲಿಂದ ತಂದೆ?" ಅಂದರು. ನಮ್ಮ ಮಾಮು ಕೊಟ್ಟದ್ದು ಅಂದೆ.

ನಿಮ್ಮ ಅಕ್ಷರವನ್ನೂ ಬಹಳ ಮೆಚ್ಚಿದ್ದಾರೆ. ಎರಡನೆಯ ಕಾಗದದಲ್ಲಿ ಸಾಲುಗಳು ಗೆರೆ ಬಿಟ್ಟು ಕೆಳಗೆ ಜಾರಿವೆ, ಕೆಲವು ಕಡೆ ಪೆನ್ನು ಕಾಗದವನ್ನೇ ಹರಿದಿದೆ. ಭಯದ ಚಿತ್ರಕ್ಕೆ ಇದೇ ಸರಿ ಎನ್ನುತ್ತಾರೆ. ಬೇಕೆಂದೇ ಹಾಗೆ ಬರೆದಿರಾ? ಹಾಗೇ ಬರೆಯುತ್ತಿರಿ.

ಎತ್ತು ಯಾವಾಗ ಒಯ್ಯುತ್ತೀರಿ? ಸ್ಟುಡಿಯೋದವರು ತಾರೀಖು ಕೇಳುತ್ತಿದ್ದಾರೆ. ಅವಸರ ಇಲ್ಲ.

ದಿಲನಾಜ


ಹಾವೇರಿ
1 ಜನವರಿ 2025

ದಿಲನಾಜ,

ಕಾಗದ ಮುಟ್ಟಿತು. ಒಳ್ಳೆಯದಾಯಿತು.

ಬಿಸಿ ತಿಳಿಯದ ಕೈ ಸತ್ತವನದೇ ಆಗಬೇಕು ಎಂದೇನಿದೆ? ಕಥೆ ನಿನ್ನದು. ಸುಮ್ಮನೆ ಕೇಳಿದೆ.

ಅಕ್ಷರ ಬೇಕೆಂದೇ ಹಾಗೆ ಬರೆದದ್ದು. ಎತ್ತಿನ ಬೆನ್ನ ಮೇಲೆ ಕಾಗದ ಇಟ್ಟು ಬರೆಯುವ ಪದ್ಧತಿ ನನ್ನದು.

ಮೊನ್ನೆ ವ್ಯಾಪಾರದ ಮೇಲೆ ರಾಣೆಬೆನ್ನೂರಿಗೆ ಹೋಗಿದ್ದೆ. ಹಾವೇರಿಯಲ್ಲೇ ಆಗುವ ಕೆಲಸ, ಆದರೆ ಇಲ್ಲಿ ಎಲ್ಲರೂ ಪರಿಚಯದವರು. ಅಲ್ಲಿಯವನು ದೊಡ್ಡ ಮನುಷ್ಯ, ನನ್ನ ಒಂದೊಂದೇ ಬೆರಳು ಹಿಡಿದುಕೊಂಡು ಬಹಳ ಹೊತ್ತು ಕೂತ. "ಇದು ಗೊತ್ತಾಗ್ತೈತೇನ್ರಿ, ಇದು?" ಅಂತ ಕೇಳಿದ. ಎರಡು ವರ್ಷ ಮೊದಲೇ ಬರಬೇಕಿತ್ತು ಅಂದ. ವ್ಯಾಪಾರ ಕುದುರಲಿಲ್ಲ.

ಒಂಬತ್ತನೇ ತಾರೀಖು ಗುರುವಾರ ಎತ್ತು ಹೊಡೆದುಕೊಂಡು ಹೋಗುತ್ತೇನೆ.

ಮಾಮು


ಹಾವೇರಿ
10 ಜನವರಿ 2025

ಮಗಳೇ ದಿಲನಾಜ,

ಕೈಯಲ್ಲಿದ್ದ ಕೆಲಸ ಬಿಟ್ಟು ಇದನ್ನು ಓದು. ನಿನ್ನೆ ಸಂತೆಯಲ್ಲಿ ನಿನ್ನ ಮಾಮು ಗೆದ್ದ.

ಕಾಗಿನೆಲೆಯ ಮೈಲಾರೆಪ್ಪನನ್ನು ನೀನು ಕಂಡಿಲ್ಲ. ಮೆಣಸಿನಕಾಯಿ ಬೆಳೆಯುವವನು, ಟ್ರ್ಯಾಕ್ಟರ್ ಇದ್ದರೂ ಎತ್ತಿನ ಮೇಲೆ ಪ್ರೀತಿ ಬಿಟ್ಟಿಲ್ಲ. ಜೋಡಿಯ ಸುತ್ತ ಮೂರು ಸಲ ತಿರುಗಿದ. ಹಲ್ಲು ನೋಡಿದ, ಗೊರಸು ನೋಡಿದ. "ಸಾಬ್ರ, ಹೇಳ್ರಿ" ಅಂದ. "ಬಾಯಲೆ ಹೇಳಾಕ ನಾ ಏನ ಕಾಯಿಪಲ್ಲೆ ಮಾರಾಕ ಬಂದೇನೇನಪಾ?" ಅಂದು ಟವಲ್ ಹಾಸಿದೆ. ಕೈ ಕೂಡಿದವು. ಅವನ ಕಣ್ಣಲ್ಲೇ ನನಗೆ ಎಲ್ಲ ಕಂಡಿತು. ನಾಲ್ಕು ಬೆರಳು. "ಆತು" ಅಂದೆ, ಟವಲ್ ಝಾಡಿಸಿದೆ. ಒಂದು ಲಕ್ಷ ನಲವತ್ತು ಸಾವಿರ.

ಒಂದು ಲಕ್ಷ ಹತ್ತು ಸಾವಿರ ನಿನ್ನೆಯೇ ಕೊಟ್ಟ. ಅದನ್ನು ನಿನ್ನ ಅಮ್ಮಿ ಹಸೀನಾ ನಿನ್ನ ಖಾತೆಗೆ ಹಾಕುತ್ತಾಳೆ. ಉಳಿದ ಮೂವತ್ತು ಮೆಣಸಿನಕಾಯಿ ಬ್ಯಾಡಗಿಯಲ್ಲಿ ಮಾರಿದ ಮೇಲೆ ಕೊಡುತ್ತಾನೆ. ಎಲ್ಲ ಸರಿಯಾಗಿದೆ.

ಎತ್ತುಗಳು ಹೋಗುವಾಗ ತಿರುಗಿ ನೋಡಲಿಲ್ಲ. ಅವು ಹಾಗೆಲ್ಲ ನೋಡುವುದಿಲ್ಲ, ಜನ ಸುಮ್ಮನೆ ಹೇಳುತ್ತಾರೆ.

ಮಾಮು


ಪುಣೆ
3 ಫೆಬ್ರುವರಿ 2025

ಮಾಮು,

ಮೂರು ವಾರವಾಯಿತು, ನಿಮ್ಮ ಕಾಗದವಿಲ್ಲ. ಫೋನ್ ಮಾಡಿದರೆ "ಸಂತೆಯಲ್ಲಿದ್ದೇನೆ, ಕೇಳಿಸುವುದಿಲ್ಲ" ಎಂದು ಇಡುತ್ತೀರಿ. ಸೋಮವಾರವೂ ಸಂತೆಯೇ?

ತೊಂಬತ್ತು ಫೀ ಕಟ್ಟಿದೆ. ಉಳಿದ ಇಪ್ಪತ್ತನ್ನು ಹಿಡಿದುಕೊಂಡು ಸ್ಟುಡಿಯೋಕ್ಕೆ ಹೋಗಿದ್ದೆ. ಪೂರ್ತಿ ರೊಕ್ಕ ಬಂದರೇ ಬಾಗಿಲು ತೆಗೆಯುವುದಂತೆ. ಬೇರೆ ಕಡೆ ಕೇಳಿದೆ, ಫೆಬ್ರುವರಿಯಲ್ಲಿ ಎಲ್ಲಿಯೂ ಜಾಗವಿಲ್ಲ. ನನ್ನ ತಾರೀಖನ್ನು ಹದಿನೆಂಟರವರೆಗೆ ಹಿಡಿದಿಟ್ಟುಕೊಳ್ಳುತ್ತೇವೆ ಎಂದಿದ್ದಾರೆ.

ಬ್ಯಾಡಗಿಯ ಪೇಟೆಯಲ್ಲಿ ಮೆಣಸಿನಕಾಯಿ ಜೋರಾಗಿ ಬರುತ್ತಿದೆ ಎಂದು ಅಮ್ಮಿ ಹೇಳಿದಳು. ಮೈಲಾರೆಪ್ಪನವರದು ಇನ್ನೂ ಬಂದಿಲ್ಲವೇ? ಅವರನ್ನು ಒಂದು ಮಾತು ಕೇಳಿ ಮಾಮು. ಒತ್ತಾಯ ಮಾಡಬೇಡಿ, ಕೇಳಿ ಅಷ್ಟೆ.

ನಾನು ಚೆನ್ನಾಗಿದ್ದೇನೆ. ದಿನಕ್ಕೆ ಅರವತ್ತು ಚಿತ್ರ ಬರೆಯುತ್ತಿದ್ದೇನೆ. ಕೈ ಮಾತ್ರ ಸರಿಬರುತ್ತಿಲ್ಲ. ಯಾರ ಕೈ ಬರೆದರೂ ಅದು ನಿಮ್ಮ ಕೈಯ ಹಾಗೆ ಕಾಣುವುದಿಲ್ಲ.

ದಿಲನಾಜ


ಹಾವೇರಿ
12 ಫೆಬ್ರುವರಿ 2025

ದಿಲನಾಜ,

ಮೈಲಾರೆಪ್ಪನ ಮೆಣಸಿನಕಾಯಿ ಇನ್ನೂ ಕಣದಲ್ಲಿದೆ. ಒಣಗಬೇಕು, ಒಣಗಿದ ಮೇಲೆ ಆರಿಸಬೇಕು, ಆರಿಸಿದ ಮೇಲೆ ಚೀಲಕ್ಕೆ ತುಂಬಬೇಕು. ಆಮೇಲೆ ರೇಟು. ರೇಟಿನ ಮಾತು ದೇವರೇ ಬಲ್ಲ. ಅವನು ಸ್ವಲ್ಪ ಹಿಂದೆ ಮುಂದೆ ನೋಡುವ ಮನುಷ್ಯ ಎಂದು ಈಗ ತಿಳಿಯುತ್ತಿದೆ. ಇದನ್ನು ನಿನ್ನ ಅಮ್ಮಿಗೆ ಹೇಳಬೇಡ, ಅವಳ ಬಾಯಿ ಸುಮ್ಮನಿರುವುದಿಲ್ಲ.

ಸದ್ಯಕ್ಕೆ ನಾಲ್ಕು ಸಾವಿರ ಕಳಿಸಿದ್ದೇನೆ. ನನ್ನ ಸೈಕಲ್ ಬೇಕೇ ಬೇಕು ಎಂದು ಒಬ್ಬ ಗಂಟುಬಿದ್ದಿದ್ದ, ಕೊಟ್ಟೆ. ನಡೆಯುವುದು ಆರೋಗ್ಯಕ್ಕೆ ಒಳ್ಳೆಯದು. ಮೊನ್ನೆ ಮಧ್ಯಾಹ್ನ ಡಾಂಬರು ರಸ್ತೆಯಲ್ಲಿ ಅರ್ಧ ಮೈಲಿ ನಡೆದ ಮೇಲೆ ಗೊತ್ತಾಯಿತು, ಒಂದು ಕಾಲಿನ ಚಪ್ಪಲಿ ಎಲ್ಲೋ ಬಿದ್ದು ಹೋಗಿದೆ. ನೋಡು, ಕಾಲೂ ಕೈಯಷ್ಟೇ ಗಟ್ಟಿ.

ಸ್ಟುಡಿಯೋದವನಿಗೆ ನನ್ನ ಹೆಸರು ಹೇಳಿ ನೋಡು.

ಮಾಮು


ಪುಣೆ
24 ಫೆಬ್ರುವರಿ 2025

ಮಾಮು,

ನಿಮಗೆ ಎರಡು ವಿಷಯ ಹೇಳದೆ ಮುಚ್ಚಿಟ್ಟಿದ್ದೆ. ಈಗ ಬರೆಯುತ್ತೇನೆ.

ಮೊದಲನೆಯದು. ಹೋದ ವಾರ ನಾನು ಫೋನಿನಲ್ಲಿ ಅತ್ತುಬಿಟ್ಟೆ, ಅಮ್ಮಿ ತಡೆಯಲಾರದೆ ಕಾಗಿನೆಲೆಗೆ ಹೋದಳು. ಮೈಲಾರೆಪ್ಪ ಬಸ್ ನಿಲ್ದಾಣದ ಕಟ್ಟೆಯ ಮೇಲೆ ಕೂತಿದ್ದರಂತೆ. ಅಲ್ಲಿಯೇ, ಮಂದಿಯ ಮುಂದೆಯೇ ಮೂವತ್ತು ಸಾವಿರ ಕೇಳಿದಳು. ಅವರು ಎದ್ದು ನಿಂತು, "ಹಸೀನಾಬಿ, ನಾ ಹಿಡದದ್ದು ಒಂದ ಬೆರಳ. ಎರಡಕ್ಕೋ ಮೂರಕ್ಕೋ ಮುಗೀತೈತಿ ಅಂತ ಮನಸಿನ್ಯಾಗಿತ್ತು. ಸಾಬ್ರು ಒಂದಕ್ಕ 'ಆತು' ಅಂದ್ಬಿಟ್ರು. ನನಗೂ ಗಾಬರಿ ಆತು. ಆದ್ರ ಝಾಡಿಸಿದ ಟವಲ್ ಮತ್ತ ಹಾಸಾಕ ಬರ್ತೈತೇನವಾ?" ಅಂದರಂತೆ.

ಅಮ್ಮಿ ನಂಬಲಿಲ್ಲ. "ನಮ್ಮಣ್ಣ ಸುಳ್ಳ ಹೇಳ್ತಾನ ಖರೆ, ರೊಕ್ಕದ ಮಾತಿನ್ಯಾಗ ಹೇಳೂದಿಲ್ಲ. ತಂದೆ ಇಲ್ಲದ ಹುಡುಗಿ ರೊಕ್ಕಾ ತಿಂದ್ರ ನಿನಗ ದಕ್ಕೂದಿಲ್ಲ ನೋಡ" ಎಂದು ಕೂಗಿ ಬಂದಿದ್ದಾಳೆ. ಅವರು ತಲೆ ತಗ್ಗಿಸಿ ನಿಂತಿದ್ದರಂತೆ.

ಎರಡನೆಯದು. ಜನವರಿಯಲ್ಲಿ ನೀವು ಮೋಟೆಬೆನ್ನೂರಿಗೆ ಎತ್ತು ಒಯ್ಯಲು ಬಂದಾಗ, ನೀವು ಊಟ ಮಾಡುವುದನ್ನು ಅಮ್ಮಿ ನಿಮಗೆ ಗೊತ್ತಾಗದ ಹಾಗೆ ಫೋನಿನಲ್ಲಿ ಹಿಡಿದಿದ್ದಳು. ನಾನೇ ಹೇಳಿದ್ದೆ, ನನಗೆ ನಿಮ್ಮ ಕೈ ಬೇಕಿತ್ತು. ಹನ್ನೆರಡು ಸೆಕೆಂಡಿನ ವಿಡಿಯೋ. ಹಂಚಿನಿಂದ ಬಿಸಿ ರೊಟ್ಟಿ ತೆಗೆದು ಮುರಿಯುತ್ತೀರಿ, ಅಷ್ಟೆ.

ನಮ್ಮ ಕೆಲಸದಲ್ಲಿ ಒಂದು ಸೆಕೆಂಡಿಗೆ ಹನ್ನೆರಡು ಚಿತ್ರ. ನಿಮ್ಮ ಕೈಯನ್ನು ನೂರಾ ನಲವತ್ತನಾಲ್ಕು ಸಲ ಬರೆದೆ. ವಿಡಿಯೋ ನೋಡಿದರೆ ಏನೂ ತಿಳಿಯುವುದಿಲ್ಲ, ಬರೆದರೆ ತಿಳಿಯುತ್ತದೆ. ಹೆಬ್ಬೆರಳು, ತೋರುಬೆರಳು ಬಿಸಿಗೆ ಹಿಂದೆ ಸರಿಯುತ್ತವೆ. ಉಳಿದ ಮೂರು ಬೆರಳು ನೂರಾ ನಲವತ್ತನಾಲ್ಕು ಚಿತ್ರದಲ್ಲಿ ಒಮ್ಮೆಯೂ ಸರಿಯುವುದಿಲ್ಲ. ಹಂಚಿಗೆ ಅಂಟಿಕೊಂಡೇ ಇವೆ. ಉಂಗುರದ ಬೆರಳ ಒಳಗಡೆ ಒಂದು ಸುಟ್ಟ ಗಾಯ ಇದೆ, ಗ್ಲಾಸಿನ ಅಂಚಿನಷ್ಟು ಅಗಲದ್ದು.

ಮಾಮು, ಡಾಕಪ್ಪನ ಅಂಗಡಿಯಲ್ಲಿ ಆ ದಿನ ಗ್ಲಾಸು ಬಿಸಿ ಇದೆ ಎಂದು ನಿಮಗೆ ಗೊತ್ತಿತ್ತೇ?

ರಾಣೆಬೆನ್ನೂರಿನವನು ವ್ಯಾಪಾರದವನೋ, ಡಾಕ್ಟರನೋ?

ದಿಲನಾಜ


ಹಾವೇರಿ
1 ಮಾರ್ಚ್ 2025

ದಿಲನಾಜ,

ಡಾಕ್ಟರ್. ಸಕ್ಕರೆ ಕಾಯಿಲೆ ನರ ತಿಂದಿದೆಯಂತೆ. ಗುಳಿಗೆ ಕೊಟ್ಟಿದ್ದಾನೆ. ಉಳಿದದ್ದನ್ನು ಉಳಿಸಿಕೊಳ್ಳಲು ಗುಳಿಗೆ, ಹೋದದ್ದಕ್ಕೆ ಏನೂ ಇಲ್ಲವಂತೆ. ಸ್ವಲ್ಪ ಜೋಮು, ಅಷ್ಟೆ. ಹೆದರುವಂಥದ್ದೇನಿಲ್ಲ.

ವ್ಯಾಪಾರದಲ್ಲಿ ಸ್ವಲ್ಪ ಹೆಚ್ಚುಕಡಿಮೆ ಆಗಿರಬಹುದು. ಐದು ಸಾವಿರ ಇರಬಹುದು. ಮೈಲಾರೆಪ್ಪನೂ ಬಾಯಿಬಿಟ್ಟು ಹೇಳಬಹುದಿತ್ತು. ಅವನದೂ ಅರ್ಧ ತಪ್ಪು ಅನ್ನು.

ಸರಿ, ಹತ್ತು ಸಾವಿರ ಅನ್ನು.

ಸ್ಟುಡಿಯೋದವರು ಏನೆಂದರು?

ಮಾಮು


ಪುಣೆ
7 ಮಾರ್ಚ್ 2025

ಮಾಮು,

ಸ್ಟುಡಿಯೋದವರು ಹದಿನೆಂಟಕ್ಕೇ ನನ್ನ ತಾರೀಖನ್ನು ಬೇರೆಯವರಿಗೆ ಕೊಟ್ಟರು. ಇಪ್ಪತ್ತೆಂಟಕ್ಕೆ ಚಿತ್ರವನ್ನು ಧ್ವನಿ ಇಲ್ಲದೆಯೇ ಒಪ್ಪಿಸಿದೆ. ಬುಧವಾರ ತೋರಿಸಿದರು. ಆರು ನಿಮಿಷ ಕೋಣೆಯಲ್ಲಿ ಫ್ಯಾನಿನ ಸದ್ದು ಮಾತ್ರ. ಟವಲ್ ಬಿತ್ತು, ಯಾರಿಗೂ ಏನೂ ಅನ್ನಿಸಲಿಲ್ಲ. ಮೊದಲಿನಿಂದಲೂ ಮೌನವೇ ಇದ್ದರೆ ಮೌನ ಬಿದ್ದದ್ದು ಯಾರಿಗೆ ಕೇಳಿಸಬೇಕು? ಪರೀಕ್ಷಕರೊಬ್ಬರು, "ಕೈ ಬಹಳ ಚೆನ್ನಾಗಿ ಬರೆದಿದ್ದೀ, ಚಿತ್ರ ಮುಗಿದಿಲ್ಲ" ಎಂದರು. ಪಾಸು ಮಾಡುತ್ತಾರೋ ಇಲ್ಲವೋ ಗೊತ್ತಿಲ್ಲ. ಚಿತ್ರೋತ್ಸವಗಳಿಗೆ ಕಳಿಸಲು ಆಗುವುದಿಲ್ಲ ಎಂಬುದು ಗೊತ್ತು.

ಗ್ಲಾಸಿನ ದೃಶ್ಯ ತೆಗೆದುಬಿಡಬೇಕು ಎಂದು ಕೂತೆ. ತೆಗೆದರೆ ಕಥೆ ನಿಲ್ಲುವುದಿಲ್ಲ. ಹಾಗೆಯೇ ಬಿಟ್ಟೆ. ನೀವು ಅದನ್ನು ನೋಡುವ ದಿನ ಬಂದರೆ ಆ ಭಾಗಕ್ಕೆ ಕಣ್ಣು ಮುಚ್ಚಿ.

ರೊಕ್ಕದ ಮಾತು ನನಗಾಗಿ ಕೇಳುತ್ತಿಲ್ಲ, ನನ್ನದು ಮುಗಿಯಿತು. ಅಮ್ಮಿ ಇಪ್ಪತ್ತನೇ ತಾರೀಖಿನ ಸಂತೆಗೆ ಹೋಗಿ ನಾಲ್ಕು ಮಂದಿ ದಲ್ಲಾಳಿಗಳನ್ನು ಸೇರಿಸಿ ಮೈಲಾರೆಪ್ಪನವರನ್ನು ನಿಲ್ಲಿಸಿ ಕೇಳುತ್ತಾಳಂತೆ. ನಾನು ಎಷ್ಟು ಹೇಳಿದರೂ ನಿಮ್ಮ ಬಾಯಿಂದ ಬಾರದೆ ಅವಳು ನಂಬುವುದಿಲ್ಲ. ಐದು, ಹತ್ತು ಎಂದು ನನ್ನೊಡನೆ ಚೌಕಾಸಿ ಮಾಡಬೇಡಿ ಮಾಮು. ನನ್ನ ಕೈಯಲ್ಲಿ ಟವಲ್ ಇಲ್ಲ. ಆ ದಿನ ಏನಾಯಿತೋ ಅದನ್ನು ಬರೆಯಿರಿ. ನಾನು ಅಮ್ಮಿಗೆ ಫೋನಿನಲ್ಲಿ ಓದಿ ಹೇಳುತ್ತೇನೆ.

ದಿಲನಾಜ


ಹಾವೇರಿ
12 ಮಾರ್ಚ್ 2025

ದಿಲನಾಜ, ಇದನ್ನು ಹಸೀನಾಗೆ ಓದಿ ಹೇಳು. ನಡುವೆ ನಿಲ್ಲಿಸಬೇಡ.

ರೋಜಾ ತಿಂಗಳು. ಡಾಕ್ಟರ್ ಉಪವಾಸ ಬೇಡ ಎಂದದ್ದಕ್ಕೆ ಮನೆಯ ಬಾಗಿಲು ಹಾಕಿಕೊಂಡು ಊಟ ಮಾಡುತ್ತೇನೆ, ಹೊರಗೆ ಬಂದು ಉಪವಾಸದ ಮುಖ ಮಾಡುತ್ತೇನೆ. ಅಲ್ಲಿಯೂ ಸುಳ್ಳೇ. ಇದೊಂದು ಕಾಗದವಾದರೂ ನೆಟ್ಟಗಿರಲಿ.

ಎರಡು ವರ್ಷದಿಂದ ಬೆರಳುಗಳು ಹೀಗಿವೆ. ಮೊದಲು ಕಿರುಬೆರಳು ಹೋಯಿತು, ಆಮೇಲೆ ಪಕ್ಕದ್ದು, ಹೋದ ಮಳೆಗಾಲಕ್ಕೆ ನಡುವಿನದು. ಸಂತೆಯಲ್ಲಿ ಹೇಳುವುದು ಹೇಗೆ? ಕುರುಡ ಶೆಟ್ಟಿಯಿಂದ ಯಾರಾದರೂ ಬಟ್ಟೆ ಆರಿಸಿಕೊಳ್ಳುತ್ತಾರೆಯೇ? ಎದುರಿನವನ ಕಣ್ಣು ನೋಡಿ, ಅವನ ತೋಳಿನ ನರ ನೋಡಿ, ಟವಲ್ ಎಷ್ಟು ಉಬ್ಬಿದೆ ಎಂದು ನೋಡಿ ಅಂದಾಜು ಮಾಡುತ್ತಿದ್ದೆ. ಹತ್ತರಲ್ಲಿ ಎಂಟು ಸರಿಯಾಗುತ್ತಿತ್ತು. ಸರಿಯಾಗದ ಎರಡನ್ನು ನಗುತ್ತ ನನ್ನ ದಲ್ಲಾಳಿ ರೊಕ್ಕದಲ್ಲಿ ಮುರಿದುಕೊಳ್ಳುತ್ತಿದ್ದೆ. ಆ ಎರಡರಲ್ಲಿ ಒಂದು ಹಸೀನಾಳ ಎತ್ತು ಆಗಬಹುದೆಂದು ನನ್ನ ತಲೆಗೆ ಬರಲಿಲ್ಲ.

ಮೈಲಾರೆಪ್ಪ ಹಿಡಿದದ್ದು ತೋರುಬೆರಳು. ಅದು ನನಗೆ ತಿಳಿಯಿತು. ಉಳಿದ ಮೂರನ್ನು ಹಿಡಿದನೋ ಇಲ್ಲವೋ ತಿಳಿಯಲಿಲ್ಲ. ಅವನು ನಗುತ್ತಿದ್ದ. ಟವಲ್ ಉಬ್ಬಿತ್ತು. ನಿನಗೆ ಬೇಕಾದದ್ದು ನಾಲ್ಕು, ನನ್ನ ಮನಸ್ಸಿನಲ್ಲಿದ್ದದ್ದೂ ನಾಲ್ಕು. ಹಿಡಿಯದ ಬೆರಳನ್ನೂ ಹಿಡಿದ ಎಂದುಕೊಂಡೆ. ಅವನ ಜೊತೆ ವ್ಯಾಪಾರ ಮಾಡಲಿಲ್ಲ ಮಗಳೇ, ನನ್ನ ಕೈ ಜೊತೆ ನಾನೇ ಮಾಡಿಕೊಂಡೆ.

ಅವನು ರೊಕ್ಕ ಎಣಿಸಿ ಕೊಟ್ಟ. ಒಂದು ಹತ್ತು. ಎರಡು ಸಲ ಎಣಿಸಿದೆ. "ಯಾಕ್ರಿ ಸಾಬ್ರ, ಕಡಿಮಿ ಐತೇನು?" ಅಂದ. ಆಗ ಹೇಳಬಹುದಿತ್ತು. "ಮೈಲಾರೆಪ್ಪ, ನನಗ ಬೆರಳ ಗೊತ್ತಾಗೂದಿಲ್ಲಪಾ" ಅಂದಿದ್ದರೆ, ಅವನಂಥ ಮನುಷ್ಯ, ಮತ್ತೆ ಟವಲ್ ಹಾಸುತ್ತಿದ್ದನೋ ಏನೋ. ಸುತ್ತ ಮಂದಿ ನಿಂತಿದ್ದರು. "ಸರಿ ಐತಿ ಬಿಡಪಾ" ಅಂದೆ. ಆಮೇಲೆ ಅವನ ಹೆಸರಿಗೆ ಬಾಕಿ ಬರೆದೆ.

ಹಸೀನಾ, ನಿನ್ನೆ ಕಾಗಿನೆಲೆಗೆ ಹೋಗಿ ಅವನ ಮನೆಯ ಅಂಗಳದಲ್ಲಿ, ಅವನ ಹೆಂಡತಿಯ ಮುಂದೆ ಎಲ್ಲ ಹೇಳಿದೆ. ಅವನು ಎದ್ದು ಚಪ್ಪಲಿ ಮೆಟ್ಟಿದ. ಆಮೇಲೆ, "ಇದನ್ನ ಕಟ್ಟಿ ಮ್ಯಾಲೆ ಹೇಳ್ರಿ ಸಾಬ್ರ. ನಿಮ್ಮ ತಂಗಿ ನನಗ ಅಂದದ್ದು ಅಲ್ಲೇ" ಅಂದ. ಹೋಗಿ ಹೇಳಿದೆ. ಬಸ್ಸಿಗೆ ಕಾಯುವವರು ಕೇಳಿದರು. ಎತ್ತುಗಳನ್ನು ನೋಡಿ ಹೋಗಿರಿ ಎಂದ, ಚೆನ್ನಾಗಿ ಸಾಕಿದ್ದಾನೆ. ಇಪ್ಪತ್ತನೇ ತಾರೀಖು ಸಂತೆಗೆ ನೀನು ಬರಬೇಡ. ನಾನೂ ಹೋಗುವುದಿಲ್ಲ. ನಿನ್ನೆಯ ಮಾತು ನನಗಿಂತ ಮೊದಲೇ ಹಾವೇರಿ ಸೇರಿದೆ. ಇವತ್ತು ಡಾಕಪ್ಪ ಕೇಳದೆಯೇ ಚಹಾವನ್ನು ಆರಿಸಿ ಕೊಟ್ಟ. ತಮಾಷೆ ಮಾಡಲಿಲ್ಲ. ಅವನು ತಮಾಷೆ ಮಾಡಿದ್ದರೆ ಚೆನ್ನಾಗಿತ್ತು.

ದಿಲನಾಜ, ನೀನು ಕೈ ಕೇಳಿದ್ದೆ. ಆಗ ಕೊಡಲಿಲ್ಲ, ಈಗ ಕಳಿಸುತ್ತಿದ್ದೇನೆ. ಈ ಹಾಳೆಯ ಹಿಂದೆ ನನ್ನ ಬಲಗೈ ಇಟ್ಟು ಎಡಗೈಯಿಂದ ಸುತ್ತ ಗೆರೆ ಎಳೆದಿದ್ದೇನೆ. ಸೊಟ್ಟಗಾಗಿದೆ. ಚಿತ್ರ ಮುಗಿದ ಮೇಲೆ ಇದರಿಂದ ನಿನಗೇನೂ ಉಪಯೋಗವಿಲ್ಲ, ಗೊತ್ತಿದೆ. ಒಳಗೆ ಬಣ್ಣ ತುಂಬಿರುವ ಬೆರಳುಗಳು ಏನೂ ತಿಳಿಯದವು. ಅಮ್ಮಿಗೆ ಎಣಿಸಿ ಹೇಳು.

ಮೂರು. ಬೆರಳಿಗೆ ಹತ್ತು ಸಾವಿರ. ಮೈಲಾರೆಪ್ಪ ಯಾರಿಗೂ ಏನೂ ಕೊಡಬೇಕಾಗಿಲ್ಲ. ಐದಲ್ಲ, ಹತ್ತಲ್ಲ, ನಾನು ಕಳೆದದ್ದು ಮೂವತ್ತು ಸಾವಿರ.